ಕಾರ್ಪೆಟ್ ಅಡಿಯ ಓಕ್ ನೆಲ: ಒಂದೊಂದೇ ಪಿನ್ನು ಕಿತ್ತ ಲೆಕ್ಕ

ಮೊದಲು ಅದು ಕಂಡಿದ್ದು ಬಿಸಿಗಾಳಿ ಬರುವ ಕಿಂಡಿಯಲ್ಲಿ.

ಒಹಾಯೊದ ಕೊಲಂಬಸ್‌ನಲ್ಲಿ ನಾವು ಕೊಂಡ ಮನೆ 1954ರಲ್ಲಿ ಕಟ್ಟಿದ್ದು. ಇಲ್ಲಿ ಇಂಥ ಮನೆಗಳಲ್ಲಿ ಚಳಿಗಾಲದ ಬಿಸಿಗಾಳಿ ನೆಲದಲ್ಲಿ ಕೂರಿಸಿದ ಲೋಹದ ಜಾಲರಿಯಿಂದ ಬರುತ್ತದೆ. ಮಗಳು ಆ ಜಾಲರಿಯೊಳಗೆ ಕ್ರೆಯಾನ್ ಹಾಕಿದ್ದಳು. ತೆಗೆಯೋಣ ಎಂದು ಜಾಲರಿ ಎತ್ತಿದೆ. ಬಾವಿ ತೋಡುವಾಗ ಮಣ್ಣಿನ ಪದರ ಕಾಣುತ್ತದಲ್ಲ, ಹಾಗೆ ನೆಲದ ಪದರಗಳೆಲ್ಲ ಅಂಚಿನಲ್ಲಿ ಕಂಡವು. ಮೇಲೆ ಬೂದು ಬಣ್ಣದ ಕಾರ್ಪೆಟ್. ಅದರ ಕೆಳಗೆ ಅರ್ಧ ಇಂಚಿನ ಫೋಮ್. ಅದರ ಕೆಳಗೆ ಮುಕ್ಕಾಲು ಇಂಚು ದಪ್ಪದ ಮರ. ಇನ್ನೂ ಕೆಳಗೆ ಓರೆಯಾಗಿ ಬಡಿದ ಒರಟು ಹಲಗೆ.

ಆ ಮುಕ್ಕಾಲು ಇಂಚು ನೋಡಿ ನಾನು ಅಲ್ಲೇ ಕೂತುಬಿಟ್ಟೆ. ಕ್ಲಾಸೆಟ್‌ನ ಮೂಲೆಗೆ ಹೋಗಿ ಇಕ್ಕಳದಲ್ಲಿ ಕಾರ್ಪೆಟ್ಟಿನ ಎಳೆ ಹಿಡಿದು ಮೆಲ್ಲಗೆ ಎಳೆದೆ. ಒಂದು ಗೇಣು ಎದ್ದು ಬಂತು. ಎರಡೂಕಾಲು ಇಂಚು ಅಗಲದ ಪಟ್ಟಿಗಳು ಸಾಲಾಗಿ ಮಲಗಿದ್ದವು. ರೆಡ್ ಓಕ್. ವಾರ್ನಿಶ್ ಮಾಸಿತ್ತು, ಆದರೆ ಮರ ಗಟ್ಟಿಯಾಗಿತ್ತು.

ನಾನು ಬೆಳೆದದ್ದು ಸಾಗರದ ಕಡೆ, ರೆಡ್ ಆಕ್ಸೈಡ್ ನೆಲದ ಮನೆಯಲ್ಲಿ. ಅಜ್ಜಿ ಆ ನೆಲವನ್ನು ದಿನಾ ಬಗ್ಗಿ ಒರೆಸುತ್ತಿದ್ದರು. ಅದು ಕನ್ನಡಿ ಹಾಗೆ ಹೊಳೆಯುತ್ತಿತ್ತು. ನೆಲ ಅಂದರೆ ಕೈಯಿಂದ ನೋಡಿಕೊಳ್ಳುವ ವಸ್ತು ಎಂಬುದು ನನ್ನ ತಲೆಯಲ್ಲಿ ಆಗಲೇ ಕೂತಿದೆ. ಎಪ್ಪತ್ತು ವರ್ಷದ ಹಿಂದೆ ಯಾರೋ ಮಂಡಿಯೂರಿ ಒಂದೊಂದು ಪಟ್ಟಿ ಜೋಡಿಸಿ ಬಡಿದ ಮರದ ನೆಲ ಫೋಮ್ ಕೆಳಗೆ ಉಸಿರುಗಟ್ಟಿ ಮಲಗಿದೆ ಅಂತ ಗೊತ್ತಾದ ಮೇಲೆ ಸುಮ್ನೆ ಇರೋದಕ್ಕೆ ಆಗಲಿಲ್ಲ. ಎರಡು ಮಲಗುವ ಕೋಣೆ ಮತ್ತು ನಡುವಿನ ಓಣಿ, ಇಷ್ಟನ್ನು ತೆರೆಯೋಣ ಎಂದು ನಾನೂ ಹೆಂಡತಿಯೂ ತೀರ್ಮಾನಿಸಿದೆವು.

ಕಾರ್ಪೆಟ್ ಕೀಳುವುದು ಒಂದು ಗಂಟೆಯ ಕೆಲಸ. ಕತ್ತರಿಸಿ ಸುರುಳಿ ಸುತ್ತಿ ಹೊರಗೆ ಹಾಕಿದರೆ ಮುಗಿಯಿತು. ನಮ್ಮ ದಿನಗಳನ್ನೆಲ್ಲ ತಿಂದದ್ದು ಅದರ ಕೆಳಗಿನ ಪಿನ್ನುಗಳು, ಅಂದರೆ ಕಾಗದಕ್ಕೆ ಹೊಡೆಯುವ ಸ್ಟೇಪಲ್‌ನಂಥವು, ಒಂದು ಬೆನ್ನು, ಎರಡು ಕಾಲು. ಈ ಬರಹ ಹೆಚ್ಚಾಗಿ ಅವುಗಳ ಬಗ್ಗೆಯೇ.

ಪಿನ್ನು ಯಾಕೆ ಇರುತ್ತದೆ

ಕಾರ್ಪೆಟ್ಟನ್ನು ನೆಲಕ್ಕೆ ಹಿಡಿದಿಡುವುದು ಪಿನ್ನಲ್ಲ. ಗೋಡೆಯುದ್ದಕ್ಕೂ ಒಂದಿಂಚು ಅಗಲದ ಪ್ಲೈವುಡ್ ಪಟ್ಟಿ ಬಡಿದಿರುತ್ತಾರೆ. ಅದರ ಮೇಲೆ ಗೋಡೆಯ ಕಡೆಗೆ ವಾಲಿದ ಚೂಪು ಮೊಳೆಗಳಿರುತ್ತವೆ. ಟ್ಯಾಕ್ ಸ್ಟ್ರಿಪ್ ಅನ್ನುತ್ತಾರೆ. ಕಾರ್ಪೆಟ್ಟನ್ನು ಬಿಗಿಯಾಗಿ ಎಳೆದು ಆ ಮುಳ್ಳುಗಳಿಗೆ ಸಿಕ್ಕಿಸುತ್ತಾರೆ. ಮಧ್ಯದಲ್ಲಿ ಕಾರ್ಪೆಟ್ ಸುಮ್ನೆ ಮಲಗಿರುತ್ತದೆ, ಅಷ್ಟೇ.

ಪಿನ್ನು ಹೊಡೆಯುವುದು ಫೋಮ್‌ಗೆ. ನಡೆದಾಡುವಾಗ ಫೋಮ್ ಜರುಗಬಾರದು, ಎರಡು ತುಂಡುಗಳ ಅಂಚು ಒಂದರ ಮೇಲೊಂದು ಹತ್ತಬಾರದು. ಅದಕ್ಕೆ ಅಂಚುಗಳಲ್ಲಿ ಒತ್ತೊತ್ತಾಗಿ, ಮಧ್ಯದಲ್ಲಿ ಬಿಡಿಬಿಡಿಯಾಗಿ ಗನ್‌ನಿಂದ ಹೊಡೆಯುತ್ತಾರೆ. ಇದು ಗೊತ್ತಿದ್ದರೆ ಹುಡುಕುವುದು ಸುಲಭ. ಫೋಮ್ ತುಂಡುಗಳು ಎಲ್ಲಿ ಸೇರಿದ್ದವೋ ಅಲ್ಲಿ ಪಿನ್ನಿನ ಎರಡು ಸಾಲು ಖಂಡಿತ ಇರುತ್ತದೆ. ನಮ್ಮ ಮೊದಲ ಕೋಣೆ 12 ಅಡಿಗೆ 13 ಅಡಿ. ಮೂರು ಕಡೆ ಫೋಮ್ ಸೇರಿತ್ತು. ಕಿತ್ತ ಪಿನ್ನನ್ನೆಲ್ಲ ಉಪ್ಪಿನಕಾಯಿ ಬಾಟಲಿಗೆ ಹಾಕುತ್ತಾ ಹೋದೆವು. ಆ ಒಂದೇ ಕೋಣೆಗೆ ಬಾಟಲಿ ಕಾಲುಭಾಗ ತುಂಬಿತು.

ಇಷ್ಟು ಒಳ್ಳೆಯ ಮರವನ್ನು ಯಾಕೆ ಮುಚ್ಚಿದರು ಅಂತ ನಮಗೆ ಅನ್ನಿಸಬಹುದು. ಎರಡನೇ ಮಹಾಯುದ್ಧದ ನಂತರ ಅಮೆರಿಕದ ಜಾರ್ಜಿಯಾ ರಾಜ್ಯದ ಡಾಲ್ಟನ್ ಸುತ್ತಮುತ್ತ ಯಂತ್ರದಲ್ಲಿ ಕಾರ್ಪೆಟ್ ಮಾಡುವ ಉದ್ಯಮ ಬೆಳೆಯಿತು. ನೇಯ್ದ ಕಾರ್ಪೆಟ್ಟಿಗಿಂತ ಅದು ತುಂಬಾ ಅಗ್ಗ. ನೈಲಾನ್ ಬಂದ ಮೇಲೆ ಇನ್ನೂ ಅಗ್ಗವಾಯಿತು. ಮೊದಲು ಸಿರಿವಂತರ ಮನೆಯಲ್ಲಿ ಮಾತ್ರ ಇದ್ದದ್ದು ಎಲ್ಲರ ಕೈಗೆ ಬಂತು. ಚಳಿ ನಾಡಿನಲ್ಲಿ ಬೆಳಿಗ್ಗೆ ಎದ್ದು ಕಾಲಿಟ್ಟರೆ ಬೆಚ್ಚಗಿರುತ್ತದೆ, ಮಕ್ಕಳು ಬಿದ್ದರೆ ಪೆಟ್ಟಾಗುವುದಿಲ್ಲ. ಮುಚ್ಚಿದವರನ್ನು ನಾನು ದೂರುವುದಿಲ್ಲ. ಹಾಗೆ ಮುಚ್ಚಿದ್ದರಿಂದಲೇ ಮರ ಬಿಸಿಲಿಗೆ, ಚಪ್ಪಲಿಗೆ ಸಿಗದೆ ಉಳಿದಿದೆ.

ಶುರು ಮಾಡುವ ಮುಂಚೆ

ಅಮೆರಿಕದಲ್ಲಿ ಮನೆಗೆ ಹಚ್ಚುವ ಸೀಸದ ಬಣ್ಣವನ್ನು 1978ರಲ್ಲಿ ನಿಷೇಧಿಸಿದರು. ಅದಕ್ಕಿಂತ ಹಳೇ ಮನೆಯಾದರೆ ಗೋಡೆಯ ಬುಡದ ಪಟ್ಟಿಯಲ್ಲಿ, ಕೆಲವೊಮ್ಮೆ ನೆಲದ ವಾರ್ನಿಶ್‌ನಲ್ಲೂ ಸೀಸ ಇರಬಹುದು. ಮನೆಯಲ್ಲಿ ಎರಡು ವರ್ಷದ ಮಗು ಇದೆ. ಹಾಗಾಗಿ ಪರೀಕ್ಷೆ ಮಾಡಿಸದೆ ಮುಟ್ಟಲಿಲ್ಲ. ನಮ್ಮದರಲ್ಲಿ ಸೀಸ ಇರಲಿಲ್ಲ. ಕಾರ್ಪೆಟ್ ಕೆಳಗೆ ಮರದ ಬದಲು ಒಂಬತ್ತು ಇಂಚಿನ ಚೌಕ ಟೈಲ್ ಅಥವಾ ಕಪ್ಪು ಅಂಟು ಕಂಡರೆ ಅಲ್ಲೇ ನಿಲ್ಲಿಸಿ. ಆ ಕಾಲದ ಟೈಲ್ ಮತ್ತು ಅಂಟಿನಲ್ಲಿ ಆಸ್ಬೆಸ್ಟಾಸ್ ಇರುವುದು ಸಾಮಾನ್ಯ. ಕೆರೆಯಬಾರದು, ಉಜ್ಜಬಾರದು. ಲ್ಯಾಬ್‌ಗೆ ಕೊಟ್ಟು ನೋಡಿಸಬೇಕು.

ಕೋಣೆಯ ಬಾಗಿಲಿಗೆ ಪ್ಲಾಸ್ಟಿಕ್ ಪರದೆ ಕಟ್ಟಿದೆವು. ಎನ್95 ಮಾಸ್ಕ್, ಕನ್ನಡಕ, ದಪ್ಪ ಕೈಗವಸು, ಮಂಡಿಗೆ ಪ್ಯಾಡ್. ಕನ್ನಡಕ ಯಾಕೆ ಅಂತ ಮೊದಲ ಹತ್ತು ನಿಮಿಷದಲ್ಲೇ ಗೊತ್ತಾಯಿತು. ಪಿನ್ನಿನ ಒಂದು ಕಾಲು ತುಂಡಾಗಿ ಹಾರಿ ಗಾಜಿಗೆ ಟಕ್ ಎಂದು ಬಡಿಯಿತು.

ಮೊದಲ ಸಂಜೆ, ನಾಲ್ಕು ಗಾಯ

ಕೈಗೆ ಸಿಕ್ಕ ಚಪ್ಪಟೆ ಸ್ಕ್ರೂಡ್ರೈವರ್ ತಗೊಂಡೆ. ಪಿನ್ನಿನ ಬೆನ್ನಿನ ಕೆಳಗೆ ತೂರಿಸಿ ಹಿಡಿಯನ್ನು ಕೆಳಗೆ ಒತ್ತಿದೆ. ಪಿನ್ನು ಪಟ್ಟನೆ ಎದ್ದು ಬಂತು. ಎಷ್ಟು ಸುಲಭ ಅನ್ನಿಸಿತು. ಹೀಗೆ ಹತ್ತು ಹನ್ನೆರಡು ಕಿತ್ತೆ. ಆಮೇಲೆ ಟಾರ್ಚ್ ಹಿಡಿದು ನೋಡಿದರೆ ನಾಲ್ಕು ಕಡೆ ಮರದಲ್ಲಿ ಉಗುರು ಒತ್ತಿದ ಹಾಗೆ ಗುಳಿ. ಒಂದು ಕಡೆಯಂತೂ ಎಳೆ ಕತ್ತರಿಸಿ ಸಿಬಿರು ಎದ್ದಿತ್ತು.

ನನಗೆ ತುಂಬಾ ನೋವಾಯಿತು. ಇಷ್ಟು ವರ್ಷ ಸುರಕ್ಷಿತವಾಗಿದ್ದ ಮರಕ್ಕೆ ನನ್ನ ಕೈಯಿಂದಲೇ ಗಾಯವಾಗಿತ್ತು. ಆ ಸಂಜೆ ಕೆಲಸ ನಿಲ್ಲಿಸಿ ಏನಾಯಿತು ಅಂತ ಯೋಚಿಸಿದೆ.

ಮೀಟುಗೋಲಿನಿಂದ ಬಂಡೆ ಎಬ್ಬಿಸುವಾಗ ಗೋಲಿನ ಕೆಳಗೆ ಒಂದು ಕಲ್ಲು ಇಡುತ್ತೇವೆ ಅಲ್ವಾ? ಬಂಡೆಯ ಭಾರವೆಲ್ಲ ಆ ಕಲ್ಲಿನ ಮೇಲೆ ಬೀಳುತ್ತದೆ. ಇಲ್ಲಿ ನಾನು ಕಲ್ಲು ಇಟ್ಟಿರಲಿಲ್ಲ. ಓಕ್ ಮರವೇ ಆ ಕಲ್ಲಾಗಿತ್ತು. ಸ್ಕ್ರೂಡ್ರೈವರ್ ಒತ್ತುವ ಜಾಗ ಅಕ್ಕಿ ಕಾಳಿನಷ್ಟು. ನನ್ನ ಕೈಯ ಬಲ ಉದ್ದ ಹಿಡಿಯಿಂದ ಹತ್ತಾರು ಪಟ್ಟಾಗಿ ಆ ಒಂದು ಕಾಳಿನ ಜಾಗಕ್ಕೆ ಹೋಗುತ್ತದೆ. ಓಕ್ ಗಟ್ಟಿ ಮರವೇ. ಆದರೆ ಅದರಲ್ಲಿ ಪ್ರತಿ ವರ್ಷ ವಸಂತದಲ್ಲಿ ಬೆಳೆದ ಭಾಗ ತೂತುತೂತಾಗಿ ಮೆತ್ತಗಿರುತ್ತದೆ. ಅದು ಕುಸಿಯುತ್ತದೆ.

ಆಮೇಲೆ ಮರಳು ಕಾಗದದ ಯಂತ್ರದಿಂದ ಮರವನ್ನು ಹೇಗೂ ಉಜ್ಜುತ್ತೇವಲ್ಲ, ಗುಳಿ ಬಿದ್ದರೇನು ಅನ್ನಬಹುದು. ಇದು ಸರಿಯಲ್ಲ. ಈ ಪಟ್ಟಿಗಳ ಒಂದು ಅಂಚಿನಲ್ಲಿ ನಾಲಿಗೆ, ಇನ್ನೊಂದು ಅಂಚಿನಲ್ಲಿ ತೋಡು ಇರುತ್ತದೆ. ಒಂದರ ನಾಲಿಗೆ ಪಕ್ಕದ್ದರ ತೋಡಿನೊಳಗೆ ಕೂರುತ್ತದೆ. ಹೊಸ ಪಟ್ಟಿಯಲ್ಲೇ ನಾಲಿಗೆಯ ಮೇಲಿರುವ ಮರ ಸುಮಾರು ಕಾಲು ಇಂಚು. ಉಜ್ಜಲು ಸಿಗುವುದು ಅಷ್ಟೇ. ಒಂದು ಗುಳಿ ಒಂದೂವರೆ ಮಿಲಿಮೀಟರ್ ಆಳವಾದರೆ, ಅದನ್ನು ಉಜ್ಜಿ ಅಳಿಸಲು ಇಡೀ ಕೋಣೆಯ ಮರವನ್ನು ಒಂದೂವರೆ ಮಿಲಿಮೀಟರ್ ಇಳಿಸಬೇಕು. ಒಂದು ಪಿನ್ನಿಗಾಗಿ ನೆಲದ ಎಷ್ಟೋ ವರ್ಷದ ಆಯುಸ್ಸು ಕರಗುತ್ತದೆ. ಪಿನ್ನು ಬಿಟ್ಟುಹೋಗುವ ಸಣ್ಣ ತೂತು ನೆಲಕ್ಕೆ ಏನೂ ಮಾಡುವುದಿಲ್ಲ. ನಿಜವಾದ ಹಾನಿಯೆಲ್ಲ ಕೀಳುವ ಕೈಯಿಂದಲೇ ಆಗುವುದು.

ಎಳೆ ಕತ್ತರಿಸದೆ ಬರೀ ಕುಸಿದ ಮೂರು ಗುಳಿಗಳನ್ನು ಮರುದಿನ ಸರಿ ಮಾಡಿದೆ. ಅಲ್ಲಿ ವಾರ್ನಿಶ್ ಆಗಲೇ ಸವೆದು ಹೋಗಿತ್ತು. ಹತ್ತಿ ಬಟ್ಟೆ ಒದ್ದೆ ಮಾಡಿ ಗುಳಿಯ ಮೇಲಿಟ್ಟು, ಮೇಲೆ ಬಿಸಿ ಇಸ್ತ್ರಿಪೆಟ್ಟಿಗೆಯ ತುದಿ ಐದಾರು ಸೆಕೆಂಡ್ ಒತ್ತಿದೆ. ಹಬೆ ಒಳಗೆ ಹೋಗಿ ಮರದ ಎಳೆ ಊದಿಕೊಂಡಿತು. ಮೂರು ಸಲ ಮಾಡುವಷ್ಟರಲ್ಲಿ ಎರಡು ಗುಳಿ ಕಾಣದಂತಾದವು, ಮೂರನೆಯದು ಅರ್ಧ ಎದ್ದಿತು. ಎಳೆ ಕತ್ತರಿಸಿದ ನಾಲ್ಕನೆಯದಕ್ಕೆ ಹಬೆಯಿಂದ ಏನೂ ಆಗಲಿಲ್ಲ. ವಾರ್ನಿಶ್ ಗಟ್ಟಿಯಾಗಿ ಉಳಿದಿರುವ ಕಡೆ ಇದನ್ನು ಮಾಡಬೇಡಿ. ಹಬೆ ಒಳಗೆ ಹೋಗದೆ ಮೇಲೆ ಬಿಳಿ ಕಲೆ ಬೀಳುತ್ತದೆ.

ಸರಿಯಾದ ಸಾಮಾನು

ಹಾರ್ಡ್‌ವೇರ್ ಅಂಗಡಿಗೆ ಹೋಗಿ ಮೂರು ಸಾಮಾನು ತಂದೆ. ಒಂದು, ಪಿನ್ನು ಮೀಟಿ ಕೀಳುವುದಕ್ಕೇ ಮಾಡಿದ ಸಾಮಾನು. ಸೋಫಾ ಬಟ್ಟೆ ಬದಲಿಸುವವರು ಬಳಸುವಂಥದ್ದು. ತುದಿ ತೆಳ್ಳಗೆ, ಚೂಪಾಗಿ, ಸ್ವಲ್ಪ ಮೇಲಕ್ಕೆ ಬಾಗಿರುತ್ತದೆ. ಎರಡು, ನಿಪ್ಪರ್. ಊರಲ್ಲಿ ಬಡಗಿಗಳು ಮೊಳೆ ಕೀಳುವ ಪಿನ್ಸರ್ ಇದೆಯಲ್ಲ, ದುಂಡು ತಲೆಯದು, ಅದೇ. ಮೂರು, ಗೋಡೆಗೆ ಪುಟ್ಟಿ ಮೆತ್ತುವ, ಎರಡಿಂಚು ಅಗಲದ ತೆಳು ಬ್ಲೇಡ್. ಉದ್ದ ಮೂತಿಯ ಇಕ್ಕಳ ಮನೆಯಲ್ಲೇ ಇತ್ತು.

ಇವುಗಳಲ್ಲಿ ಅತಿ ಮುಖ್ಯ ಪುಟ್ಟಿ ಬ್ಲೇಡ್. ಅದರಿಂದ ಏನೂ ಕೀಳುವುದಿಲ್ಲ. ಅದು ಮರದ ಮೇಲೆ ಚಪ್ಪಟೆ ಮಲಗಿರುತ್ತದೆ, ಅಷ್ಟೇ. ಮೀಟುವ ಸಾಮಾನಿನ ಬೆನ್ನು ಯಾವಾಗಲೂ ಅದರ ಮೇಲೇ ಒರಗಬೇಕು. ಭಾರ ಒಂದು ಕಾಳಿನ ಜಾಗಕ್ಕೆ ಬೀಳುವ ಬದಲು ಬ್ಲೇಡಿನ ಅಗಲಕ್ಕೆಲ್ಲ ಹಂಚಿಹೋಗುತ್ತದೆ. ಇದಾದ ಮೇಲೆ ಎರಡೂ ಕೋಣೆಗಳಲ್ಲಿ ನಾವು ಮಾಡಿದ ಹೊಸ ಗುಳಿ ಒಂದೇ ಒಂದು. ಅದೂ ಬ್ಲೇಡ್ ಇಡಲು ಮರೆತ ಕಡೆ.

ಒಂದು ಪಿನ್ನು ಕೀಳುವುದು

ಒಳ್ಳೆಯ ರೀತಿ ಕಂಡುಹಿಡಿದದ್ದು ನನ್ನ ಹೆಂಡತಿ. ನಾನು ಪಿನ್ನನ್ನು ನಡುವೆ ಹಿಡಿದು ಒಂದೇ ಸಲ ಎತ್ತುತ್ತಿದ್ದೆ. ಮೂರರಲ್ಲಿ ಒಂದು ತುಂಡಾಗುತ್ತಿತ್ತು. ಅವಳು ಪಕ್ಕದ ಸಾಲಿನಲ್ಲಿ ಕೂತು ಸದ್ದಿಲ್ಲದೆ ಕೀಳುತ್ತಿದ್ದಳು. ಅವಳ ಕಡೆ ತುಂಡೇ ಇರಲಿಲ್ಲ.

"ನಡುವೆ ಎತ್ತಬೇಡಿ. ನಡು ಬಾಗುತ್ತೆ, ಕಾಲು ಒಳಗಡೆಗೆ ಓರೆಯಾಗುತ್ತೆ. ಓರೆಯಾದ ಮೇಲೆ ಹೇಗೆ ಬರುತ್ತೆ? ಮೊದಲು ಒಂದು ಕಾಲಿನ ಹತ್ತಿರ ಎತ್ತಿ, ಸ್ವಲ್ಪ ಮಾತ್ರ. ಆಮೇಲೆ ಇನ್ನೊಂದು ಕಾಲು. ನೋಡಿಲ್ಲಿ."

ಅವಳು ಮಾಡುತ್ತಿದ್ದದ್ದು ಹೀಗೆ. ಪಿನ್ನಿನ ಬೆನ್ನು ಅರ್ಧ ಇಂಚಿಗಿಂತ ಚಿಕ್ಕದು. ಮೀಟುವ ಸಾಮಾನಿನ ಚೂಪು ತುದಿಯನ್ನು ಬೆನ್ನಿನ ಒಂದು ಕೊನೆಗೆ, ಕಾಲು ಇಳಿಯುವ ಮೂಲೆಗೆ ಸರಿಯಾಗಿ ತಾಗಿಸುವುದು. ಒತ್ತುವುದಲ್ಲ, ಮಣಿಕಟ್ಟನ್ನು ಎಡಕ್ಕೂ ಬಲಕ್ಕೂ ಮೆಲ್ಲಗೆ ಆಡಿಸುತ್ತಾ ತೂರಿಸುವುದು. ತುದಿ ಒಳಗೆ ಹೋಯಿತು ಅಂತ ಬೆರಳಿಗೆ ಗೊತ್ತಾಗುತ್ತದೆ. ಬ್ಲೇಡ್ ಕೆಳಗಿಟ್ಟು ಒಂದು ಅಕ್ಕಿ ಕಾಳಿನಷ್ಟು ಎತ್ತುವುದು. ಇನ್ನೊಂದು ಕೊನೆಗೆ ಹೋಗಿ ಅಷ್ಟೇ ಎತ್ತುವುದು. ಈಗ ಪಿನ್ನು ಸಮನಾಗಿ ಮೇಲೆ ನಿಂತಿರುತ್ತದೆ. ಆಗ ಇಕ್ಕಳದಲ್ಲಿ ಬೆನ್ನು ಹಿಡಿದು ನೇರವಾಗಿ ಮೇಲಕ್ಕೆ ಎಳೆಯುವುದು. ಗನ್ ಓರೆಯಾಗಿ ಹಿಡಿದು ಹೊಡೆದಿದ್ದರೆ ಕಾಲುಗಳೂ ಓರೆಯಾಗಿ ಇಳಿದಿರುತ್ತವೆ, ಎಳೆಯುವುದೂ ಅದೇ ಓರೆಯಲ್ಲಿ. ಕಾಲಿಗೆ ಚುಚ್ಚಿದ ಮುಳ್ಳನ್ನು ಹೋದ ದಾರಿಯಲ್ಲೇ ತೆಗೆಯುವ ಹಾಗೆ.

ಬಂದಾಗ ಒಂದು ಸಣ್ಣ ಕೀರಲು ಸದ್ದು. ಎರಡೂ ಕಾಲು ಪೂರ್ತಿ ಬಂದಿವೆಯೇ ಅಂತ ಪ್ರತಿ ಪಿನ್ನನ್ನೂ ನೋಡಿ ಬಾಟಲಿಗೆ ಹಾಕಬೇಕು. ಒಂದು ಕಾಲು ಗಿಡ್ಡವಾಗಿದ್ದರೆ ಉಳಿದದ್ದು ಮರದಲ್ಲಿದೆ. ಆ ಕ್ಷಣದಲ್ಲೇ ಅಲ್ಲೊಂದು ನೀಲಿ ಟೇಪ್ ಅಂಟಿಸಿ. ಆಮೇಲೆ ಹುಡುಕಿದರೆ ಸಿಗುವುದಿಲ್ಲ.

ಇನ್ನೊಂದು ಮಾತು. ಕೂರುವ ಜಾಗ ಬದಲಿಸಿಕೊಂಡಾದರೂ ಸಾಮಾನನ್ನು ಮರದ ಎಳೆಯ ಉದ್ದಕ್ಕೆ ತೂರಿಸಿ. ಕೈ ಜಾರುವುದು ಇದ್ದೇ ಇದೆ. ಎಳೆಯ ಉದ್ದಕ್ಕೆ ಜಾರಿದ ಗೀರು ಮರದ ಗೆರೆಗಳಲ್ಲೇ ಸೇರಿಹೋಗುತ್ತದೆ. ಅಡ್ಡಕ್ಕೆ ಜಾರಿದರೆ ಎಷ್ಟು ಸಣ್ಣದಿದ್ದರೂ ಕಣ್ಣಿಗೆ ಹೊಡೆಯುತ್ತದೆ.

ಫೋಮ್ ಎಳೆದಾಗ ಪ್ರತಿ ಪಿನ್ನಿನ ಕೆಳಗೂ ಅದರ ಒಂದು ಚೂರು ಸಿಕ್ಕಿಕೊಂಡು ಉಳಿಯುತ್ತದೆ. ಅದನ್ನು ಮೊದಲೇ ಗುಡಿಸಿ ಚೊಕ್ಕಟ ಮಾಡಲು ಹೋಗಬೇಡಿ. ನಾವು ಮೊದಲ ಕೋಣೆಯಲ್ಲಿ ಹಾಗೆ ಮಾಡಿ ಪಿನ್ನುಗಳನ್ನೇ ಕಳೆದುಕೊಂಡೆವು. ಎರಡನೇ ಕೋಣೆಯಲ್ಲಿ ಚೂರುಗಳನ್ನು ಹಾಗೇ ಬಿಟ್ಟೆವು. ಕಂದು ಮರದ ಮೇಲೆ ಹಳದಿ ಚುಕ್ಕೆ, ದೂರದಿಂದಲೇ ಕಾಣುತ್ತದೆ. ಚುಕ್ಕೆ ಇದ್ದಲ್ಲಿ ಪಿನ್ನಿದೆ. ಮೊದಲ ಕೋಣೆಗೆ ನಾಲ್ಕು ಸಂಜೆ ಹಿಡಿಯಿತು, ಎರಡನೆಯದಕ್ಕೆ ಒಂದೂವರೆ.

ತುಂಡಾದ ಕಾಲುಗಳು

ಇದೇ ಕಷ್ಟದ ಭಾಗ. ಕಾಲು ಮರದಿಂದ ಸ್ವಲ್ಪ ಮೇಲಿದ್ದರೆ ನಿಪ್ಪರ್‌ನಿಂದ ಬರುತ್ತದೆ. ಬ್ಲೇಡನ್ನು ಕಾಲಿನ ಪಕ್ಕಕ್ಕೆ ಇಟ್ಟು, ನಿಪ್ಪರ್‌ನ ಬಾಯಿಂದ ಕಾಲನ್ನು ಹಿಡಿದು, ಅದರ ದುಂಡು ತಲೆಯನ್ನು ಬ್ಲೇಡ್ ಮೇಲೆ ಉರುಳಿಸಬೇಕು. ಎಳೆಯುವುದಲ್ಲ, ಉರುಳಿಸುವುದು. ಜಾಸ್ತಿ ಬಿಗಿ ಹಿಡಿದರೆ ನಿಪ್ಪರ್ ಅದನ್ನು ಕತ್ತರಿಸಿಬಿಡುತ್ತದೆ. ಬಾಯಿ ತುಂಬಾ ಚೂಪಿದ್ದರೆ ಅರದಿಂದ ಸ್ವಲ್ಪ ಮೊಂಡು ಮಾಡಿಕೊಳ್ಳಿ. ನಾನು ಮಾಡಿಕೊಂಡೆ, ಆಮೇಲೆ ಕತ್ತರಿಸಿ ಹೋಗುವುದು ನಿಂತಿತು.

ಕಾಲು ಮರದ ಮಟ್ಟಕ್ಕೇ ಮುರಿದಿದ್ದರೆ? ಸುತ್ತ ಅಗೆದು ತೆಗೆಯಬೇಕು ಅನ್ನಿಸುತ್ತದೆ. ಒಂದನ್ನು ಅಗೆದೆ. ಸೂಜಿಯಷ್ಟು ಇದ್ದ ತೂತು ಶೇಂಗಾ ಬೀಜದಷ್ಟಾಯಿತು. ಅದಾದ ಮೇಲೆ ಅಗೆಯುವುದನ್ನು ಬಿಟ್ಟೆ. ಮೊಂಡು ತುದಿಯ ಸಣ್ಣ ಪಂಚ್ ಇಟ್ಟು ಸುತ್ತಿಗೆಯಿಂದ ಮೆತ್ತಗೆ ಎರಡು ಏಟು ಹೊಡೆದು, ಮೂರು ಮಿಲಿಮೀಟರ್ ಒಳಕ್ಕೆ ಇಳಿಸಿದೆ. ಉಜ್ಜುವ ಯಂತ್ರಕ್ಕೆ ಅದು ಸಿಗಬಾರದು, ಅಷ್ಟು ಆಳ ಸಾಕು. ಮೇಲೆ ಫಿಲ್ಲರ್ ತುಂಬಿ ಮುಚ್ಚಿದೆ. ಮುಚ್ಚದೆ ಬಿಟ್ಟು ನೀರು ಬೆರೆಸಿದ ಪಾಲಿಶ್ ಹಚ್ಚಿದರೆ ಒಳಗಿನ ಕಬ್ಬಿಣ ತುಕ್ಕು ಹಿಡಿದು ಕಪ್ಪು ಚುಕ್ಕೆ ಏಳುತ್ತದೆ.

ಎಲ್ಲ ಮುಗಿಯಿತು ಅಂದುಕೊಂಡ ಮೇಲೆ ಹುಡುಕಾಟ. ರಾತ್ರಿ ದೀಪ ಆರಿಸಿ, ಟಾರ್ಚನ್ನು ನೆಲದ ಮೇಲೇ ಮಲಗಿಸಿದೆವು. ಬೆಳಕು ನೆಲದ ಮೇಲೆ ಸವರಿಕೊಂಡು ಹೋಗುವಾಗ ಮೇಲೆದ್ದ ಪ್ರತಿ ಚೂರಿಗೂ ಉದ್ದ ನೆರಳು ಬೀಳುತ್ತದೆ. ಹಗಲಲ್ಲಿ ಕಾಣದ, ತುಂಡಾದ ಹದಿನೇಳು ಕಾಲುಗಳು ಹೀಗೆ ಸಿಕ್ಕವು.

ಆಗ ಅಮ್ಮ ಊರಿಂದ ಬಂದಿದ್ದರು. ಬಾಗಿಲಲ್ಲಿ ಕುರ್ಚಿ ಹಾಕಿಕೊಂಡು ನೋಡುತ್ತಿದ್ದರು. ಎದ್ದು ಹೋಗಿ ತಮ್ಮ ಪೆಟ್ಟಿಗೆಯಿಂದ ಹಳೇ ನೈಲೆಕ್ಸ್ ಸೀರೆ ತಂದರು.

"ಇದನ್ನ ಎಳ್ದು ನೋಡು ಮಾರಾಯ. ಬೇಲಿ ಹತ್ರ ಹೋದ್ರೆ ಸಾಕು, ಒಂದು ಮುಳ್ಳೂ ಬಿಡದೆ ಸಿಕ್ಕೊಳ್ತಿತ್ತು ಇದು."

ಸೀರೆಯನ್ನು ಮಡಚಿ ನೆಲದ ಮೇಲೆ ಎಳೆದೆವು, ಒಮ್ಮೆ ಉದ್ದಕ್ಕೆ, ಒಮ್ಮೆ ಅಡ್ಡಕ್ಕೆ. ಟಾರ್ಚ್‌ಗೂ ಸಿಗದ ಆರು ಚೂರುಗಳಲ್ಲಿ ಅದು ಸಿಕ್ಕಿಕೊಂಡಿತು. ಕೈ ಸವರಿ ಹುಡುಕಿದ್ದರೆ ಅವು ಬೆರಳಿಗೇ ಚುಚ್ಚುತ್ತಿದ್ದವು. ಇಲ್ಲಿನವರು ಈ ಕೆಲಸಕ್ಕೆ ಹಳೇ ನೈಲಾನ್ ಕಾಲುಚೀಲ ಬಳಸುತ್ತಾರೆ ಅಂತ ಆಮೇಲೆ ತಿಳಿಯಿತು.

ಗೋಡೆ ಬದಿಯ ಟ್ಯಾಕ್ ಸ್ಟ್ರಿಪ್ ಬಗ್ಗೆ ಹೇಳುವುದು ಕಡಿಮೆ. ಸ್ಟ್ರಿಪ್ಪನ್ನು ಹಿಡಿದಿರುವ ಮೊಳೆ ಎಲ್ಲಿದೆಯೋ ಅಲ್ಲೇ ಚಪ್ಪಟೆ ಬಾರ್ ತೂರಿಸಿ, ಕೆಳಗೆ ಬ್ಲೇಡ್ ಇಟ್ಟು ಮೀಟಿ. ಎರಡು ಮೊಳೆಯ ನಡುವೆ ಮೀಟಿದರೆ ಪ್ಲೈವುಡ್ ಸೀಳಿ ಬರುತ್ತದೆ, ಮೊಳೆ ಅಲ್ಲೇ ಉಳಿಯುತ್ತದೆ. ಕಿತ್ತ ಕೂಡಲೇ ರಟ್ಟಿನ ಪೆಟ್ಟಿಗೆಗೆ ಹಾಕಿ. ನೆಲದ ಮೇಲೆ ಬಿಡಬೇಡಿ, ಯಾರಾದರೂ ತುಳಿಯುತ್ತಾರೆ.

ಕಪ್ಪು ಕಲೆ

ಕಿಟಕಿಯ ಕೆಳಗೆ ಪಿನ್ನಿನ ಪ್ರತಿ ತೂತಿನ ಸುತ್ತ ಕಡಲೆ ಕಾಳಿನಷ್ಟು ಕಪ್ಪು ಕಲೆ ಇತ್ತು. ಅಲ್ಲಿ ಯಾವತ್ತೋ ನೀರು ಇಳಿದಿರಬೇಕು. ನಾನು ಮರ ಕೊಳೆತಿದೆ ಎಂದು ಹೆದರಿದೆ. ದಬ್ಬಳದಿಂದ ಚುಚ್ಚಿ ನೋಡಿದರೆ ಗಟ್ಟಿ.

ಅಮ್ಮ ನೋಡಿ, "ಚೊಗರಿಗೆ ಕಬ್ಬಿಣ ತಾಗಿದಂಗೆ ಇದೆ" ಅಂದರು. ಅಡಿಕೆ ಬೇಯಿಸಿದವರ ಮಾತು, ಅದೇ ಸರಿಯಾದ ಕಾರಣ. ಅಡಿಕೆ ಬೇಯಿಸಿ ಉಳಿದ ರಸವಾದ ಚೊಗರಿನಲ್ಲಿ, ಅಳಲೆಕಾಯಿಯಲ್ಲಿ, ಮಾವಿನಕಾಯಿಯ ಒಗರಿನಲ್ಲಿ ಇರುವುದು ಟ್ಯಾನಿನ್ ಎಂಬ ಒಗರಿನ ಅಂಶ. ಅದಕ್ಕೆ ಕಬ್ಬಿಣ ಮತ್ತು ನೀರು ಸೇರಿದರೆ ಕಪ್ಪಾಗುತ್ತದೆ. ಹಿಂದೆ ಅಳಲೆಕಾಯಿಗೆ ಕಬ್ಬಿಣ ಸೇರಿಸಿ ಶಾಯಿ ಮಾಡುತ್ತಿದ್ದದ್ದೂ ಇದರಿಂದಲೇ. ಓಕ್ ಮರದಲ್ಲೂ ಟ್ಯಾನಿನ್ ಧಾರಾಳವಾಗಿದೆ. ಪಿನ್ನಿನ ಕಬ್ಬಿಣ, ಕಿಟಕಿಯ ನೀರು, ಓಕಿನ ಒಗರು ಮೂರೂ ಸೇರಿ ನಮ್ಮ ನೆಲದಲ್ಲಿ ಶಾಯಿ ಆಗಿತ್ತು. ಹಾಗಾಗಿ ಒದ್ದೆ ನೆಲದ ಮೇಲೆ ಒಂದು ಪಿನ್ನು ಬಿದ್ದಿದ್ದರೂ ಮರುದಿನ ಕಲೆ. ಕಬ್ಬಿಣದ ನಾರಿನಿಂದ ಓಕ್ ಉಜ್ಜುವುದೂ ಬೇಡ.

ಇದಕ್ಕೆ ಮದ್ದು ಆಕ್ಸಾಲಿಕ್ ಆಸಿಡ್. ಮರದ ಬ್ಲೀಚ್ ಎಂದು ಪುಡಿ ಸಿಗುತ್ತದೆ. ಅದು ವಿಷ. ಕೈಗವಸು, ಕನ್ನಡಕ ಬೇಕೇ ಬೇಕು, ಪುಡಿ ಉಸಿರಿಗೆ ಹೋಗಬಾರದು, ಮಕ್ಕಳು ಆ ಕಡೆ ಬರಬಾರದು. ವಾರ್ನಿಶ್ ಇರುವ ಮರಕ್ಕೆ ಅದು ಇಳಿಯುವುದಿಲ್ಲ. ಮೊದಲು ಉಜ್ಜಿ ಮರ ಬರಿದಾಗಬೇಕು. ಡಬ್ಬಿಯ ಮೇಲೆ ಹೇಳಿದಷ್ಟು ಪುಡಿಯನ್ನು ಬಿಸಿನೀರಲ್ಲಿ ಕರಗಿಸಿ, ಕಲೆಗೆ ಮಾತ್ರವಲ್ಲ, ಕಲೆ ಇದ್ದ ಪಟ್ಟಿಗೆ ಪೂರ್ತಿ ಹಚ್ಚಿದೆ. ಕಲೆಗೆ ಮಾತ್ರ ಹಚ್ಚಿದರೆ ಆ ಜಾಗ ಬಿಳಿಚಿಕೊಂಡು ಬೇರೆಯೇ ಕಾಣುತ್ತದೆ. ಅರ್ಧ ಗಂಟೆಯಲ್ಲಿ ಕಪ್ಪು ಕಂದಾಗಿ, ಕಂದು ಮಸುಕಾಯಿತು. ಎರಡನೇ ಸಲಕ್ಕೆ ಹೆಚ್ಚಿನವು ಹೋದವು. ಒದ್ದೆ ಬಟ್ಟೆಯಿಂದ ಮೂರು ನಾಲ್ಕು ಸಲ ಒರೆಸಿ, ಅಡುಗೆ ಸೋಡಾದ ನೀರಿನಿಂದ ಒಮ್ಮೆ ಒರೆಸಿ, ಎರಡು ದಿನ ಒಣಗಲು ಬಿಟ್ಟೆ.

ಉಜ್ಜಿದ ಕೋಣೆ, ಉಜ್ಜದ ಕೋಣೆ

ಎರಡನೇ ಕೋಣೆಯ ವಾರ್ನಿಶ್ ಚೆನ್ನಾಗಿತ್ತು. ಮೂಲೆಯಲ್ಲಿ ಸ್ಪಿರಿಟ್ ಹನಿಸಿ ನೋಡಿದೆ. ಅಂಟಂಟಾಗಿ ಕರಗಿತು. ಅಂದರೆ ಅದು ಶೆಲ್ಯಾಕ್, ಅರಗಿನಿಂದ ಮಾಡಿದ ಪಾಲಿಶ್. ಆ ಅರಗಿನ ಹುಳ ನಮ್ಮ ದೇಶದ ಕಾಡುಗಳದ್ದು ಎಂದು ನೆನೆದು ಸಂತೋಷವಾಯಿತು. ಆ ಕೋಣೆಯನ್ನು ಉಜ್ಜಲೇ ಇಲ್ಲ. ಒರೆಸಿ, ಪಿನ್ನಿನ ತೂತುಗಳಿಗೆ ಮರದ ಬಣ್ಣದ ಮೇಣದ ಕಡ್ಡಿ ತಿಕ್ಕಿ, ಹೆಚ್ಚಾದ ಮೇಣವನ್ನು ಹಳೇ ಪ್ಲಾಸ್ಟಿಕ್ ಕಾರ್ಡಿನಿಂದ ಕೆರೆದು, ಬಟ್ಟೆಯಲ್ಲಿ ಉಜ್ಜಿದೆವು. ತೂತು ಎಲ್ಲಿತ್ತು ಅಂತ ಈಗ ನನಗೂ ಹುಡುಕಬೇಕು. ನಿಮ್ಮ ನೆಲ ಉಜ್ಜದೆ ಉಳಿಯುವ ಹಾಗಿದ್ದರೆ ದಯವಿಟ್ಟು ಉಜ್ಜಬೇಡಿ. ಯಂತ್ರ ಬಾಡಿಗೆಗೆ ಸಿಗುತ್ತದೆ ಎಂಬುದು ಉಜ್ಜಲು ಕಾರಣವಲ್ಲ.

ಮೊದಲ ಕೋಣೆಗೆ ಉಜ್ಜುವುದು ಬೇಕೇ ಇತ್ತು. ಉರುಳೆ ಇರುವ ಡ್ರಮ್ ಯಂತ್ರ ಬೇಗ ಕೆಲಸ ಮಾಡುತ್ತದೆ. ಆದರೆ ಒಂದು ಕ್ಷಣ ನಿಂತಲ್ಲೇ ನಿಂತರೆ ಹಳ್ಳ ತೋಡುತ್ತದೆ. ಚಪ್ಪಟೆ ತಳದ, ಕಂಪಿಸುವ ಯಂತ್ರ ತಂದೆ. ನಿಧಾನ, ಆದರೆ ಕೈ ಪಳಗದವರಿಗೂ ಮರ ಉಳಿಯುತ್ತದೆ. ಒರಟಿನಿಂದ ನಯಕ್ಕೆ 40, 60, 80, 100 ನಂಬರಿನ ಮರಳು ಕಾಗದ ಬದಲಿಸುತ್ತಾ ಹೋದೆ.

60ರ ಕಾಗದ ಹಾಕಿ ಬಾಗಿಲ ಹತ್ತಿರ ಬಂದಾಗ ಚರ್ ಎಂದು ಸದ್ದಾಯಿತು. ನಿಲ್ಲಿಸಿ ತಿರುಗಿಸಿ ನೋಡಿದರೆ ಕಾಗದ ಒಂದು ಗೇಣು ಹರಿದಿತ್ತು. ನೆಲದಲ್ಲಿ ಬೆಳ್ಳಿಯ ಹಾಗೆ ಹೊಳೆಯುವ ಒಂದು ಚುಕ್ಕೆ. ಟಾರ್ಚ್‌ಗೂ ಸೀರೆಗೂ ತಪ್ಪಿಸಿಕೊಂಡಿದ್ದ ಒಂದು ಕಾಲು. ಕಾಗದ ಹರಿದದ್ದಕ್ಕಿಂತ ಕಿಡಿ ಹಾರಿದ್ದರೆ ಎಂಬುದು ನನ್ನನ್ನು ಬೆವರಿಸಿತು. ಯಂತ್ರದ ಚೀಲದಲ್ಲಿರುವುದು ಒಣ ಮರದ ಹಿಟ್ಟು ಮತ್ತು ಹಳೇ ವಾರ್ನಿಶ್. ಅದು ಕಿಡಿ ಇಲ್ಲದೆಯೂ ತಾನಾಗಿ ಬಿಸಿಯೇರಿ ಹೊತ್ತಿಕೊಳ್ಳಬಲ್ಲದು. ಪ್ರತಿ ಸಲ ಚೀಲವನ್ನು ಮನೆಯ ಹೊರಗೆ ಒಯ್ದು ಖಾಲಿ ಮಾಡಿದೆ, ರಾತ್ರಿ ಒಳಗಿಡಲಿಲ್ಲ. ಆ ಕಾಲನ್ನು ಪಂಚ್‌ನಿಂದ ಒಳಕ್ಕೆ ಇಳಿಸಿ, ದೀಪ ಆರಿಸಿ, ಇಡೀ ಕೋಣೆಯನ್ನು ಮತ್ತೊಮ್ಮೆ ಟಾರ್ಚ್‌ನಲ್ಲಿ ನೋಡಿ ಮುಂದುವರಿಸಿದೆ. ಇನ್ನೂ ಎರಡು ಸಿಕ್ಕವು.

80ರ ನಂತರ ಬಂದ ಸಣ್ಣ ಹಿಟ್ಟನ್ನು ಒಂದು ಡಬ್ಬಿಯಲ್ಲಿ ತೆಗೆದಿಟ್ಟಿದ್ದೆ. ಅದನ್ನೇ ಫಿಲ್ಲರ್ ದ್ರಾವಣಕ್ಕೆ ಕಲಸಿ ತೂತುಗಳಿಗೆ ತುಂಬಿದೆ. ಅದೇ ಮರದ ಹಿಟ್ಟಾದ್ದರಿಂದ ಬಣ್ಣ ಹೊಂದಿತು. ಶೇಂಗಾ ಬೀಜದಷ್ಟಾಗಿದ್ದ ನನ್ನ ಅಗೆತ ಮಾತ್ರ ಸ್ವಲ್ಪ ಕಡು ಬಣ್ಣದಲ್ಲಿ ಉಳಿದಿದೆ. ನೀರಿನ ಆಧಾರದ (ವಾಟರ್ ಬೇಸ್ಡ್) ಪಾಲಿಯುರೆಥೇನ್ ಪಾಲಿಶ್ ಮೂರು ಕೋಟ್ ಹಚ್ಚಿದೆವು. ವಾಸನೆ ಕಡಿಮೆ, ಮಗು ಇರುವ ಮನೆಗೆ ಅದೇ ಸರಿ.

ಓಣಿಯಲ್ಲಿ ಹೊಸದೇನೂ ಇರಲಿಲ್ಲ. ಜಾಸ್ತಿ ಓಡಾಡುವ ಜಾಗವಾದ್ದರಿಂದ ಪಿನ್ನು ಎರಡರಷ್ಟಿತ್ತು, ಅಷ್ಟೇ. ಒಂದು ಭಾನುವಾರ ಮಧ್ಯಾಹ್ನ ಮೂವರೂ ಸೇರಿ ಮುಗಿಸಿದೆವು. ಅಮ್ಮ ಕುರ್ಚಿಯಿಂದಲೇ ಹಳದಿ ಚುಕ್ಕೆ ತೋರಿಸುತ್ತಿದ್ದರು.

ಕಿಟಕಿಯ ಕೆಳಗೆ ಮೂರು ಕಪ್ಪು ಕಲೆ ಆಸಿಡ್‌ಗೂ ಹೋಗಲಿಲ್ಲ. ಆಳಕ್ಕೆ ಇಳಿದಿರಬೇಕು. ಅವನ್ನು ತೆಗೆಯಲು ಇನ್ನಷ್ಟು ಮರ ಉಜ್ಜುವುದು ಬೇಡ ಎಂದು ಬಿಟ್ಟೆವು. ಮಗಳು ಅವಕ್ಕೆ ಇರುವೆ ಎಂದು ಹೆಸರಿಟ್ಟಿದ್ದಾಳೆ. ಹಾಲ್‌ನಲ್ಲಿರುವ ಬಿಸಿಗಾಳಿಯ ಜಾಲರಿಯನ್ನೂ ಮೊನ್ನೆ ಎತ್ತಿ ನೋಡಿದೆ. ಅಲ್ಲಿ ಫೋಮ್ ಕೆಳಗೆ ನೇರ ಪ್ಲೈವುಡ್ ಇದೆ, ಓಕ್ ಇಲ್ಲ. ಆ ಕಾರ್ಪೆಟ್ ಅಲ್ಲೇ ಇರಲಿ.